ಹೊಸ ಶಾಸಕರಿಗೆ ಮೊದಲ ಅರ್ಜಿ ಕೊಡುವ ಮುನ್ನ

2023ರ ಮೇ 13ರಂದು ಎಣಿಕೆ, ಮರುಎಣಿಕೆ ಎಲ್ಲ ಮುಗಿದಾಗ ಬೆಂಗಳೂರಿನ ಜಯನಗರದಲ್ಲಿ ಸಿ.ಕೆ. ರಾಮಮೂರ್ತಿ ಅವರು ಸೌಮ್ಯಾ ರೆಡ್ಡಿ ಅವರಿಗಿಂತ ಮುಂದಿದ್ದದ್ದು ಬರೇ 16 ಮತ. ಒಂದು ವಠಾರದ ಮತಗಳು. ಅಷ್ಟು ಬೆಲೆಯ ಮತ ಹಾಕಿ ಗೆಲ್ಲಿಸಿದ ಮೇಲೆ ಶಾಸಕರ ಬಳಿ ಏನು ಕೇಳಬೇಕೆಂದು ನಮಗೂ ಗೊತ್ತಿರಬೇಕು.

ಮೊದಲು ನಿಮ್ಮ ಶಾಸಕರು ಯಾರೆಂದು ಖಚಿತ ಮಾಡಿಕೊಳ್ಳಿ. ಜೆ.ಪಿ. ನಗರ, ಬನಶಂಕರಿ ಎಂಬ ಹೆಸರಿನ ವಿಧಾನಸಭಾ ಕ್ಷೇತ್ರಗಳೇ ಇಲ್ಲ. ಒಂದೇ ಬಡಾವಣೆಯಲ್ಲಿ ಹಂತ ಬದಲಾದರೆ ಕ್ಷೇತ್ರವೂ ಬದಲಾಗಬಹುದು. ಮತದಾರರ ಪಟ್ಟಿಯಲ್ಲಿ ನಿಮ್ಮ ಹೆಸರಿರುವ ಪುಟದ ಮೇಲೆಯೇ ಕ್ಷೇತ್ರದ ಹೆಸರು ಇರುತ್ತದೆ.

ಆಮೇಲೆ ದೂರುಗಳನ್ನು ವಿಂಗಡಿಸಿ. ನೀರಿಗೆ ಜಲಮಂಡಳಿಯ 1916, ಕರೆಂಟಿಗೆ ಬೆಸ್ಕಾಂನ 1912. ರಸ್ತೆಗುಂಡಿ, ಕಸ ಪಾಲಿಕೆಯ ಕೆಲಸ. 2020ರ ಸೆಪ್ಟೆಂಬರ್‌ನಲ್ಲಿ ಪಾಲಿಕೆ ಸದಸ್ಯರ ಅವಧಿ ಮುಗಿದು ವರ್ಷಗಟ್ಟಲೆ ಚುನಾವಣೆಯೇ ನಡೆಯದ ಕಾರಣ ಜನ ಇವನ್ನೆಲ್ಲ ಹಿಡಿದು ಶಾಸಕರ ಕಚೇರಿಗೇ ಹೋಗುವುದು ರೂಢಿಯಾಯಿತು. ಜನರ ತಪ್ಪಲ್ಲ ಅದು. ಆದರೂ ಹೊಸಬರ ಮೊದಲ ವರ್ಷವೆಲ್ಲ ಗುಂಡಿ ಮುಚ್ಚಿಸುವುದರಲ್ಲೇ ಕಳೆದರೆ ನಷ್ಟ ನಮಗೇ.

ಶಾಸಕರಿಂದ ಮಾತ್ರ ಆಗುವ ಕೆಲಸ ಸದನದಲ್ಲಿದೆ. 2023ರಲ್ಲಿ ಮೇ 22ರಿಂದ ಪ್ರಮಾಣವಚನ, ಜೂನ್ ಕೊನೆಯ ವಾರ ಹೊಸ ಶಾಸಕರಿಗೆ ನೆಲಮಂಗಲದ ಕ್ಷೇಮವನದಲ್ಲಿ ಮೂರು ದಿನದ ತರಬೇತಿ, ಜುಲೈ 7ಕ್ಕೆ ಬಜೆಟ್. ಗೆದ್ದು ಎರಡು ತಿಂಗಳು ತುಂಬುವ ಮೊದಲೇ ಪ್ರಶ್ನೆ ಕೇಳುವ ಅವಕಾಶ ಬಂದಿತ್ತು. ಚುಕ್ಕೆ ಗುರುತಿನ ಪ್ರಶ್ನೆಗೆ ಸಚಿವರು ಸದನದಲ್ಲೇ ಉತ್ತರಿಸಬೇಕು, ಮೇಲೆ ಉಪಪ್ರಶ್ನೆಯನ್ನೂ ಹಾಕಬಹುದು. ಚುಕ್ಕೆ ಇಲ್ಲದ್ದಕ್ಕೆ ಲಿಖಿತ ಉತ್ತರ.

ಹಾಗಾಗಿ ಅಧಿವೇಶನದ ದಿನಾಂಕ ಪ್ರಕಟವಾದ ಕೂಡಲೇ, ಸಾಧ್ಯವಾದರೆ ಅದಕ್ಕೂ ಮೊದಲೇ, ಬಡಾವಣೆಯ ಸಂಘದವರೊಂದಿಗೆ ಕೂತು ಒಂದೇ ಒಂದು ಪ್ರಶ್ನೆ ಬರೆಯಿರಿ. ‘ನಮ್ಮ ರಾಜಕಾಲುವೆ ಸರಿಮಾಡಿಸಿ’ ಎಂದು ಬರೆದರೆ ಭರವಸೆ ಸಿಗುತ್ತದೆ, ಅಷ್ಟೇ. ‘ಇಂಥ ಕಾಲುವೆಗೆ ಎರಡು ವರ್ಷದಲ್ಲಿ ಮಂಜೂರಾದ ಹಣವೆಷ್ಟು, ಖರ್ಚಾದದ್ದೆಷ್ಟು, ಬಾಕಿ ಕಾಮಗಾರಿ ಮುಗಿಯುವುದು ಯಾವಾಗ’ ಎಂದು ಕೇಳಿ. ಅರ್ಜಿಯ ಎರಡು ಪ್ರತಿ ಒಯ್ದು, ಒಂದರ ಮೇಲೆ ಸ್ವೀಕೃತಿ ಮುದ್ರೆ ಹಾಕಿಸಿಕೊಳ್ಳದೆ ಬರಬೇಡಿ.

ಬಿಟಿಎಂ ಲೇಔಟ್‌ನವರ ಪಾಡು ಸ್ವಲ್ಪ ಬೇರೆ. ಅಲ್ಲಿನ ಶಾಸಕ ರಾಮಲಿಂಗಾ ರೆಡ್ಡಿ 2023ರಲ್ಲಿ ಸಾರಿಗೆ ಸಚಿವರಾದರು. ಸಚಿವರು ಸದನದಲ್ಲಿ ಉತ್ತರ ಕೊಡುವವರು, ಪ್ರಶ್ನೆ ಕೇಳುವವರಲ್ಲ. ಶಾಸಕರು ಸಚಿವರಾದ ಕ್ಷೇತ್ರದವರು ವಿಧಾನ ಪರಿಷತ್ತಿನ ಸದಸ್ಯರೊಬ್ಬರ ಮೂಲಕ ಪ್ರಶ್ನೆ ಹಾಕಿಸಬಹುದು.

ಇನ್ನು ಹಣದ ಮಾತು. ಶಾಸಕರ ಸ್ಥಳೀಯ ಪ್ರದೇಶಾಭಿವೃದ್ಧಿ ನಿಧಿ ವರ್ಷಕ್ಕೆ 2 ಕೋಟಿ ರೂಪಾಯಿ. ಅವರು ಕಾಮಗಾರಿ ಶಿಫಾರಸು ಮಾಡುತ್ತಾರೆ, ಮಂಜೂರಾತಿ ಜಿಲ್ಲಾಧಿಕಾರಿಯದು. ಎಲ್ಲಿ ಖರ್ಚಾಯಿತೆಂದು ತಿಳಿಯಲು ಜಿಲ್ಲಾಧಿಕಾರಿ ಕಚೇರಿಗೆ 10 ರೂಪಾಯಿ ಶುಲ್ಕದೊಂದಿಗೆ ಮಾಹಿತಿ ಹಕ್ಕು ಅರ್ಜಿ ಹಾಕಿ. ಕರ್ನಾಟಕದಲ್ಲಿ ಒಂದು ಅರ್ಜಿಗೆ ಒಂದೇ ವಿಷಯ, 150 ಪದಗಳ ಮಿತಿ. ಉತ್ತರಕ್ಕೆ 30 ದಿನ. ಶಾಸಕರು ಪ್ರತಿವರ್ಷ ಜೂನ್ 30ರೊಳಗೆ ಲೋಕಾಯುಕ್ತಕ್ಕೆ ಆಸ್ತಿ ವಿವರ ಸಲ್ಲಿಸಬೇಕು ಎಂಬುದೂ ನೆನಪಿರಲಿ.

ಅಧಿವೇಶನ ಮುಗಿದ ಮೇಲೆ ವಿಧಾನಸಭೆಯ ಜಾಲತಾಣದಲ್ಲಿ ನಿಮ್ಮ ಪ್ರಶ್ನೆಯ ಉತ್ತರ ಹುಡುಕಿ, ಮುದ್ರಿಸಿಕೊಳ್ಳಿ. ಅದರಲ್ಲಿರುವ ಮೊತ್ತ, ದಿನಾಂಕಗಳ ಕೆಳಗೆ ಗೆರೆ ಎಳೆದು, ವಾರ್ಡಿನ ಎಂಜಿನಿಯರ್ ಮೇಜಿನ ಮೇಲಿಟ್ಟು, ಕಾಲುವೆಯ ಹತ್ತಿರ ಒಮ್ಮೆ ಬನ್ನಿ ಎಂದು ಕರೆಯಿರಿ.