ಅಕ್ಷರಗಳಲ್ಲಿ ಎಣಿಸಿದ ವರ್ಷಗಳು

ಕಥೆಯಲ್ಲಿ ಕಾಲ್ಪನಿಕ ಲೋಕವೊಂದನ್ನು ಕಟ್ಟುವವನು ಅದಕ್ಕೊಂದು ಪಂಚಾಂಗವನ್ನೂ ಕಲ್ಪಿಸಬೇಕಾಗುತ್ತದೆ. ತಿಂಗಳಿಗೆ ಇಷ್ಟು ದಿನ, ವರ್ಷಕ್ಕೆ ಇಷ್ಟು ತಿಂಗಳು ಎಂದು ಅವನು ಇಚ್ಛೆಬಂದಂತೆ ವಿಧಿಸಬಹುದು. ಅಲ್ಲಿನ ಸೂರ್ಯಚಂದ್ರರೂ ಅವನ ಸೃಷ್ಟಿಯೇ ತಾನೆ! ಆದರೆ ನಮ್ಮ ಭೂಮಿಯ ಮೇಲೆ ಹೊಸ ಪಂಚಾಂಗವನ್ನು ರಚಿಸಹೊರಟವನಿಗೆ ಈ ಸ್ವಾತಂತ್ರ್ಯವಿಲ್ಲ. ಅಂತಹ ರಚನೆಯೊಂದು ಮೈಸೂರು ಸೀಮೆಯಲ್ಲಿಯೇ, ಟಿಪ್ಪು ಸುಲ್ತಾನನ ಆಳಿಕೆಯಲ್ಲಿ ನಡೆಯಿತು. ಅದರಲ್ಲಿ ಅರಸನ ಇಚ್ಛೆಗೆ ಸಂದುದೆಷ್ಟು, ಆಕಾಶಕ್ಕೆ ಬಿಟ್ಟುದೆಷ್ಟು ಎಂಬುದನ್ನು ನೋಡೋಣ.

ಮೊದಲು ಸಮಸ್ಯೆಯನ್ನು ತಿಳಿಯಬೇಕು. ಬೆಂಗಳೂರಿನಿಂದ ತುಮಕೂರಿಗೆ ಹೋಗುವ ಹೆದ್ದಾರಿಯಲ್ಲಿ, ಪೀಣ್ಯವನ್ನು ದಾಟಿದ ಮೇಲೆ ನೆಲಮಂಗಲಕ್ಕೆ ಮುಂಚೆ ಮಾಕಳಿ ಎಂಬ ಊರಿದೆ. ಅಂತಹ ಊರಿನ ಮನೆಯೊಂದರ ಗೋಡೆಯ ಕ್ಯಾಲೆಂಡರನ್ನು ನೋಡಿದರೆ ಹಲವು ಕಾಲಗಣನೆಗಳು ಒಂದೇ ಹಾಳೆಯಲ್ಲಿ ಕಾಣುತ್ತವೆ. ಕಾರ್ಖಾನೆಯ ಸಂಬಳಕ್ಕೆ ಇಂಗ್ಲಿಷ್ ತಿಂಗಳು. ಯುಗಾದಿಗೂ ಗೌರಿಹಬ್ಬಕ್ಕೂ ಚಾಂದ್ರಮಾನ. ಹೊಲದ ಮಾತಿಗೆ ರೋಹಿಣಿ, ಮಘೆ ಮೊದಲಾದ ಮಳೆನಕ್ಷತ್ರಗಳು. ರಂಜಾನಿಗೆ ಹಿಜರಿ ತಿಂಗಳು. ಇವುಗಳಲ್ಲಿ ಮಳೆನಕ್ಷತ್ರಗಳು ಸೂರ್ಯನನ್ನು ಅನುಸರಿಸುವುದರಿಂದ ಋತುವನ್ನು ಬಿಟ್ಟು ಕದಲುವುದಿಲ್ಲ. ಹಿಜರಿ ವರ್ಷವಾದರೋ ಹನ್ನೆರಡು ಶುದ್ಧ ಚಾಂದ್ರಮಾಸಗಳದು, ಸುಮಾರು 354 ದಿನ. ಆದುದರಿಂದ ರಂಜಾನ್ ಪ್ರತಿವರ್ಷವೂ ಸುಮಾರು 11 ದಿನ ಹಿಂದಕ್ಕೆ ಸರಿಯುತ್ತದೆ.

ವ್ರತಕ್ಕೆ ಇದರಿಂದ ಬಾಧಕವಿಲ್ಲ. ಕಂದಾಯಕ್ಕೆ ಇದೆ. ಬೆಳೆ ಕೊಯ್ಲಿಗೆ ಬರುವುದು ಸೂರ್ಯನ ಲೆಕ್ಕದಲ್ಲಿ. ಕಂದಾಯದ ಗಡುವು ಶುದ್ಧ ಚಾಂದ್ರವರ್ಷದ ಲೆಕ್ಕದಲ್ಲಿ ಬಂದರೆ ಹದಿನಾರು ಹದಿನೇಳು ವರ್ಷಗಳಲ್ಲಿ ಅದು ಆರು ತಿಂಗಳು ಸರಿದು, ಪೈರು ಇನ್ನೂ ಹಸಿರಾಗಿರುವಾಗಲೇ ರೈತನ ಬಾಗಿಲಿಗೆ ಬಂದು ನಿಲ್ಲುತ್ತದೆ. ನಮ್ಮ ಪಂಚಾಂಗಕರ್ತರು ಇದಕ್ಕೆ ಬಹು ಹಿಂದೆಯೇ ಅಧಿಕಮಾಸದ ಉಪಾಯವನ್ನು ಕಂಡುಕೊಂಡಿದ್ದರು. 19 ಸೌರವರ್ಷಗಳಲ್ಲಿ ಸುಮಾರು 6,939.6 ದಿನಗಳಿವೆ, 235 ಚಾಂದ್ರಮಾಸಗಳಲ್ಲಿ ಸುಮಾರು 6,939.7. ಹತ್ತೊಂಬತ್ತು ವರ್ಷಗಳಿಗೆ ಹನ್ನೆರಡರಂತೆ 228 ತಿಂಗಳು. ಉಳಿದ ಏಳನ್ನು ಅಲ್ಲಲ್ಲಿ ಅಧಿಕವಾಗಿ ಸೇರಿಸಿದರೆ ಚಂದ್ರನೂ ಸೂರ್ಯನೂ ಜೊತೆಗೂಡುತ್ತಾರೆ.

1784ರ ಸುಮಾರಿಗೆ ಟಿಪ್ಪು ಜಾರಿಗೆ ತಂದ ಪಂಚಾಂಗದ ಅಸ್ಥಿಪಂಜರ ಇದೇ ಆಗಿತ್ತು. ಯುಗಾದಿಯ ಹೊತ್ತಿಗೆ ವರ್ಷಾರಂಭ, ಚೈತ್ರಾದಿ ಮಾಸಗಳಿಗೆ ಹೊಂದುವ ಹನ್ನೆರಡು ತಿಂಗಳು, ನಡುವೆ ಅಧಿಕಮಾಸ, ಅರವತ್ತು ಸಂವತ್ಸರಗಳ ಚಕ್ರ. ಬದಲಾದುದು ಹೆಸರುಗಳು. ಆದರೆ ಅವು ಬರಿಯ ಅಲಂಕಾರದ ಹೆಸರುಗಳಲ್ಲ, ಹೆಸರೇ ಸಂಖ್ಯೆ. ಅರಬ್ಬೀ ಅಕ್ಷರಗಳಿಗೆ ‘ಅಬ್ಜದ್’ ಎಂಬ ಹಳೆಯ ಕ್ರಮದಲ್ಲಿ ಬೆಲೆಗಳಿವೆ: ಅಲಿಫ್ 1, ಬೇ 2, ಜೀಮ್ 3, ದಾಲ್ 4, ವಾವ್ 6, ಝೇ 7, ಲಾಮ್ 30 ಇತ್ಯಾದಿ. 1784ರಲ್ಲಿ ಆರಂಭವಾದ ವರ್ಷದ ಹೆಸರು ‘ಅಝಲ್’. ಅಲಿಫ್, ಝೇ, ಲಾಮ್ ಎಂಬ ಮೂರು ಅಕ್ಷರಗಳನ್ನು ಕೂಡಿಸಿದರೆ 38. ಪ್ರಭವದಿಂದ ಎಣಿಸಿ ಮೂವತ್ತೆಂಟನೆಯದು ಯಾವುದು? ಕ್ರೋಧಿ. ಅಲ್ಲಿಂದ ನಾಲ್ಕು ಚಕ್ರಗಳು, ಎಂದರೆ 240 ವರ್ಷಗಳು ಕಳೆದು 2024ರ ಯುಗಾದಿಗೆ ಬಂದುದೂ ಕ್ರೋಧಿಯೇ. ಮುಂದಿನ ವರ್ಷ ‘ಜಲವ್’, 39. ಅದರ ಮುಂದಿನದು ‘ದಲ್ವ್’, 40. ಗುಟ್ಟು ತಿಳಿದವನಿಗೆ ಪಟ್ಟಿಯೇ ಬೇಡ.

ತಿಂಗಳುಗಳಿಗೂ ಇದೇ ನಿಯಮ. ಅಹ್ಮದಿ ಅಲಿಫ್‌ನಿಂದ ಮೊದಲಾಗುವುದರಿಂದ ಒಂದನೆಯದು, ಬಹಾರಿ ಎರಡನೆಯದು, ಜಾಫರಿ ಮೂರನೆಯದು, ಎಂಟನೆಯದು ಹೈದರಿ.

ಇಷ್ಟಕ್ಕೇ ನಿಂತಿದ್ದರೆ ಎಲ್ಲವೂ ಸುಗಮವಾಗಿರುತ್ತಿತ್ತು. 1787ರಲ್ಲಿ ಟಿಪ್ಪು ಅಬ್ಜದ್ ಕ್ರಮವನ್ನು ಬಿಟ್ಟು ‘ಅಬ್ತಥ್’ ಕ್ರಮವನ್ನು, ಎಂದರೆ ಮಕ್ಕಳು ವರ್ಣಮಾಲೆಯನ್ನು ಕಲಿಯುವ ಕ್ರಮವನ್ನು, ಹಿಡಿದನು. ಇದರಲ್ಲಿ ಜೀಮ್‌ನ ಬೆಲೆ 3 ಅಲ್ಲ, 5. ಹೈದರಿಯ ಮೊದಲಕ್ಷರದ ಬೆಲೆ 8ರಿಂದ 6ಕ್ಕೆ ಇಳಿಯಿತು. ಪರಿಣಾಮವನ್ನು ಓದುಗರೇ ಊಹಿಸಬಹುದು: ಜಾಫರಿ ಎಂಬುದು ಹಿಂದೆ ಜ್ಯೇಷ್ಠವಾಗಿದ್ದುದು ಈಗ ಶ್ರಾವಣವಾಯಿತು, ಕಾರ್ತಿಕವಾಗಿದ್ದ ಹೈದರಿ ಭಾದ್ರಪದವಾಯಿತು. ಕಾಗದವೊಂದರಲ್ಲಿ ‘ಜಾಫರಿ’ ಎಂದಷ್ಟೇ ಕಂಡು, ವರ್ಷವನ್ನು ಗಮನಿಸದೆ ಓದಿದರೆ ಎರಡು ತಿಂಗಳ ತಪ್ಪು ಖಂಡಿತ. ಸೈನ್ಯದ ಚಲನೆಯನ್ನೋ ಸಂಧಾನದ ಪತ್ರವನ್ನೋ ಕುರಿತ ವಿಚಾರದಲ್ಲಿ ಎರಡು ತಿಂಗಳು ಅಲ್ಪವಲ್ಲ. ಟಿಪ್ಪುವಿನ ಪತ್ರಗಳನ್ನು ಇಂಗ್ಲಿಷಿಗೆ ತಂದು 1811ರಲ್ಲಿ ಪ್ರಕಟಿಸಿದ ವಿಲಿಯಂ ಕರ್ಕ್‌ಪ್ಯಾಟ್ರಿಕ್ ಈ ಪಂಚಾಂಗವನ್ನೂ ವಿವರಿಸಬೇಕಾಯಿತು. ಒಳ್ಳೆಯ ನಿಯಮವನ್ನು ಮೂರೇ ವರ್ಷಗಳಲ್ಲಿ ಬದಲಿಸಿದುದು ಜಾಣತನವೆಂದು ನಮಗೆ ತೋರುವುದಿಲ್ಲ.

ಆಗಲೇ ಶಕೆಯೂ ಬದಲಾಯಿತು. ನಾಣ್ಯಗಳ ಮೇಲೆ ಹಿಜರಿ 1201ರ ತರುವಾಯ ಒಮ್ಮೆಲೇ 1215 ಕಾಣುತ್ತದೆ. ನಡುವಿನ ವರ್ಷಗಳು ಎಲ್ಲಿ ಹೋದವು? ಹೊಸ ‘ಮೌಲೂದಿ’ ಶಕೆಯನ್ನು ಪ್ರವಾದಿಯ ಜನನದಿಂದ, ಎಂದರೆ ಕ್ರಿ. ಶ. 572ರ ಸುಮಾರಿನಿಂದ, ಋತುಬದ್ಧ ವರ್ಷಗಳಲ್ಲಿ ಎಣಿಸಲಾಯಿತು. ಹಿಜರಿಯ ಮೊದಲು 622. ಐವತ್ತು ವರ್ಷ ಹಿಂದಿನಿಂದ ಎಣಿಸಿದರೆ ಸಂಖ್ಯೆ 50 ಹೆಚ್ಚಬೇಕಲ್ಲವೆ? ಆದರೆ 622ರಿಂದ 1787ರವರೆಗಿನ 1165 ಸೌರವರ್ಷಗಳಲ್ಲಿ ಹಿಜರಿಯ ಚಿಕ್ಕ ವರ್ಷಗಳು ಸುಮಾರು 36 ಹೆಚ್ಚಾಗಿ ಉರುಳಿದ್ದವು. 50ರಲ್ಲಿ 36 ಕಳೆದರೆ 14, ಜಿಗಿತವೂ ಅಷ್ಟೇ. ಈ ಶಕೆಯ ಅಂಕಿಗಳನ್ನು ಬಲದಿಂದ ಎಡಕ್ಕೆ ಬರೆಯುತ್ತಿದ್ದರೆಂಬುದನ್ನೂ ನೆನಪಿಡಬೇಕು. 1218 ಎಂಬುದು ನಾಣ್ಯದ ಮೇಲೆ 8121ರಂತೆ ಕಾಣುತ್ತದೆ.

ಇದೇ ಶತಮಾನದ ಕೊನೆಯಲ್ಲಿ, 1793ರಲ್ಲಿ, ಫ್ರಾನ್ಸಿನ ಕ್ರಾಂತಿಕಾರರು ಏಳು ದಿನದ ವಾರವನ್ನೇ ಮುರಿದು ಹತ್ತು ದಿನಗಳದನ್ನು ಮಾಡಿದರು. 1806ರ ಆರಂಭಕ್ಕೆ ಅದು ರದ್ದಾಯಿತು. ಟಿಪ್ಪು ಅಷ್ಟು ದೂರ ಹೋಗಲಿಲ್ಲ. ಅಮಾವಾಸ್ಯೆಯನ್ನೂ ಅಧಿಕಮಾಸವನ್ನೂ ಇದ್ದಂತೆಯೇ ಬಿಟ್ಟುದರಿಂದ, ಹೊಸ ಹೆಸರುಗಳನ್ನು ಅರಿಯದ ರೈತನೂ ತನ್ನ ಯುಗಾದಿಯನ್ನು ಎಂದಿನ ದಿನವೇ ಆಚರಿಸಬಹುದಾಗಿತ್ತು.

ವಿದ್ಯಾರ್ಥಿಗಳು ಕೊನೆಯದಾಗಿ ಒಂದು ಹೆಸರನ್ನು ತಾವೇ ಬಿಡಿಸಿ ನೋಡಬಹುದು. 1799ರ ಮೇ 4ರಂದು ಶ್ರೀರಂಗಪಟ್ಟಣವು ಬಿದ್ದು ಟಿಪ್ಪು ಮಡಿದಾಗ ನಡೆಯುತ್ತಿದ್ದುದು ‘ಬಾರಿಷ್’ ಎಂಬ ವರ್ಷ. ಅಬ್ತಥ್ ಕ್ರಮದಲ್ಲಿ ಬೇ 2, ಅಲಿಫ್ 1, ರೇ 10, ಶೀನ್ 40. ಮೊತ್ತವನ್ನು ಅರವತ್ತು ಸಂವತ್ಸರಗಳ ಪಟ್ಟಿಯೊಡನೆ ಹೋಲಿಸಿದರೆ ದೊರೆಯುವುದು ಸಿದ್ಧಾರ್ಥಿ.