ಮಾನ ಯಾರ ಕೈಯಲ್ಲಿದೆ?

“ಮಾನ ಹೋದ ಮೇಲೆ ಬದುಕಿ ಏನು ಫಲ?” ಎಂಬ ಮಾತನ್ನು ನಾವೆಲ್ಲ ಕೇಳಿದ್ದೇವೆ. ಮಾನ ಬೇಕು, ನಿಜ. ದೇವರು ನಮ್ಮನ್ನು ತಮ್ಮ ರೂಪದಲ್ಲೇ ಸೃಷ್ಟಿಸಿ ಅದನ್ನು ಕೊಟ್ಟಿದ್ದಾರೆ. ಆದರೆ ಅದನ್ನು ಉಳಿಸಿಕೊಳ್ಳಲು ರಕ್ತ ಸುರಿಸಬೇಕೇ?

ಹಿಂದೆ ಯುರೋಪಿನ ಗೌರವಸ್ಥರು ಬೇಕೆಂದೇ ನಂಬಿದ್ದರು. ಒಬ್ಬನು ಇನ್ನೊಬ್ಬನನ್ನು ಸುಳ್ಳುಗಾರ ಎಂದರೆ ಸಾಕು, ದ್ವಂದ್ವಯುದ್ಧಕ್ಕೆ ಸವಾಲು ಹೋಗುತ್ತಿತ್ತು. ಇಬ್ಬರೂ ಸಾಕ್ಷಿಗಳ ಎದುರು ಕತ್ತಿಯನ್ನೋ ಪಿಸ್ತೂಲನ್ನೋ ಹಿಡಿದು ನಿಲ್ಲುತ್ತಿದ್ದರು. ಒಪ್ಪದವನು ಹೇಡಿ ಎನಿಸಿಕೊಳ್ಳುತ್ತಿದ್ದ. ನಮ್ಮ ನಾಡಿಗೂ ಇದು ಹೊಸದಲ್ಲ. ವಿಜಯನಗರದಲ್ಲಿ ಮಂತ್ರಿಯ ಅಪ್ಪಣೆ ಪಡೆದು ಹೀಗೆ ಕಾದಾಡುತ್ತಿದ್ದರು, ಸತ್ತವನ ಆಸ್ತಿ ಗೆದ್ದವನಿಗೆ ಸೇರುತ್ತಿತ್ತು ಎಂದು ಪೋರ್ಚುಗೀಸ್ ಕುದುರೆ ವ್ಯಾಪಾರಿ ನೂನಿಜ್ ಸುಮಾರು 1535ರಲ್ಲಿ ಬರೆದಿದ್ದಾನೆ.

ಧರ್ಮಸಭೆ ಇದನ್ನು ಒಪ್ಪಲಿಲ್ಲ. 1563ರಲ್ಲಿ ತ್ರೆಂತ್ ಮಹಾಸಭೆಯು ಕಾದಾಡಿದವರನ್ನೂ ಅವರ ಸಾಕ್ಷಿಗಳನ್ನೂ ಸ್ಥಳ ಕೊಟ್ಟ ಅರಸರನ್ನೂ ಬಹಿಷ್ಕರಿಸಿತು. ಕಾದಾಟದಲ್ಲೇ ಸತ್ತವನಿಗೆ ಕ್ರೈಸ್ತ ಸಮಾಧಿಯೂ ಇಲ್ಲವೆಂದಿತು. 1891ರಲ್ಲಿ ಜಗದ್ಗುರು ಹದಿಮೂರನೆಯ ಲಿಯೋ ಅವರು ಮತ್ತೆ ಇದನ್ನು ಖಂಡಿಸಿದರು. ಏಕೆಂದರೆ ಗುಂಡು ಸತ್ಯವನ್ನು ತೀರ್ಮಾನಿಸದು. ಗೆಲ್ಲುವವನು ಕೈ ಪಳಗಿದವನೇ ಹೊರತು ಸತ್ಯವಂತನೇ ಆಗಬೇಕೆಂದಿಲ್ಲ.

1843ರಲ್ಲಿ ಲಂಡನ್ನಿನಲ್ಲಿ ಕರ್ನಲ್ ಫಾಸೆಟ್ ತನ್ನ ಷಡ್ಡಕನ ಗುಂಡಿಗೆ ಬಲಿಯಾದ. ಅವನ ವಿಧವೆಗೆ ಪಿಂಚಣಿಯೂ ಸಿಗಲಿಲ್ಲ. ಮರುವರ್ಷ ಬ್ರಿಟಿಷ್ ಸೇನೆಯ ನಿಯಮವೇ ಬದಲಾಯಿತು. ತಪ್ಪಿಗೆ ಕ್ಷಮೆ ಕೇಳುವುದೂ, ಕೇಳಿದಾಗ ಮನಸಾರೆ ಒಪ್ಪುವುದೂ ಗೌರವಸ್ಥರಿಗೆ ತಕ್ಕದ್ದು ಎಂದು ಅದರಲ್ಲಿ ಸೇರಿಸಲಾಯಿತು. 1818ರಲ್ಲೇ ಬೆಳಗಾವಿ ಕೋಟೆ ಬ್ರಿಟಿಷರ ಕೈಸೇರಿತ್ತು. ನಮ್ಮ ಕ್ಯಾಂಪ್ ಪ್ರದೇಶ ಆ ಸೇನೆಯ ನೆನಪನ್ನು ಇಂದಿಗೂ ಹೊತ್ತಿದೆ.

ಇಂದು ಪಿಸ್ತೂಲು ಇಲ್ಲ, ಹಟ ಇದೆ. ಖಾನಾಪುರದ ಕಡೆ ಗದ್ದೆಯ ಬದುವಿಗಾಗಿ, ಬೆಳಗಾವಿಯಲ್ಲಿ ಮದುವೆ ಪತ್ರಿಕೆಯಲ್ಲಿ ಬಿಟ್ಟುಹೋದ ಒಂದು ಹೆಸರಿಗಾಗಿ, ಅಣ್ಣತಮ್ಮಂದಿರು ವರ್ಷಗಟ್ಟಲೆ ಮಾತು ಬಿಡುತ್ತಾರೆ. “ಅವನೇ ಮೊದಲು ಬರಲಿ” ಎನ್ನುತ್ತಾರೆ. ಪಕ್ಕದಲ್ಲಿ ನಿಂತು “ಬಿಡಬೇಡ” ಎಂದು ಹುರಿದುಂಬಿಸುವ ನೆಂಟರೂ ಪಾಲುದಾರರೇ. ಮಹಾಸಭೆ ಸಾಕ್ಷಿಗಳನ್ನೂ ಬಿಡಲಿಲ್ಲವೆಂಬುದನ್ನು ನೆನೆಯೋಣ.

ವಿಚಾರಣೆಯ ವೇಳೆ ಕಾವಲುಗಾರನು ಕೆನ್ನೆಗೆ ಹೊಡೆದಾಗ ಪ್ರಭು ಯೇಸು ತಿರುಗಿ ಹೊಡೆಯಲಿಲ್ಲ. ಆ ಅನ್ಯಾಯವನ್ನು ಸುಮ್ಮನೆ ಒಪ್ಪಿಕೊಳ್ಳಲೂ ಇಲ್ಲ. ಹೊಡೆದದ್ದಕ್ಕೆ ಕಾರಣ ಕೇಳಿದರು (ಯೊವಾನ್ನ 18:22-23). ಆ ಏಟಿನಿಂದ ಅವರ ಮಾನ ಹೋಗಲಿಲ್ಲ. ದೇವರು ಕೊಟ್ಟ ಮಾನವನ್ನು ಇನ್ನೊಬ್ಬರ ಮಾತು ಕಸಿಯಲಾರದು.

ಮನೆಯಲ್ಲಿ ಚರ್ಚಿಸಿರಿ:
1. ನಮ್ಮ ಕುಟುಂಬ ಯಾರೊಡನೆ ಮಾತು ಬಿಟ್ಟಿದೆ? ಏಕೆ?
2. ಇತರರ ಜಗಳದಲ್ಲಿ ನಾವು ರಾಜಿ ಮಾಡಿಸುತ್ತೇವೆಯೇ, ಕಿಚ್ಚು ಹಚ್ಚುತ್ತೇವೆಯೇ?
3. ಈ ವಾರ ಮೊದಲು ಹೋಗಿ ಬಾಗಿಲು ತಟ್ಟುವವರು ಯಾರು?