ಖಾತೆಗೆ ಬಂದದ್ದೆಲ್ಲ ಆದಾಯವಲ್ಲ

ನಿವೃತ್ತರಾದವರು ಮ್ಯೂಚುವಲ್ ಫಂಡ್ ವಿಚಾರ ಎತ್ತಿದರೆ ಮೊದಲು ಕೇಳುವುದು ‘ತಿಂಗಳಿಗೆ ಎಷ್ಟು ಬರುತ್ತೆ?’ ಎಂದು. ಸಂಬಳ, ಪಿಂಚಣಿ, ಬಾಡಿಗೆ ಎಲ್ಲವೂ ತಿಂಗಳ ಲೆಕ್ಕದಲ್ಲಿ ನಡೆಯುವ ಬದುಕಿನಲ್ಲಿ ಈ ಪ್ರಶ್ನೆ ಸಹಜವೇ. ಆದರೆ ಆ ಹಣ ಎಲ್ಲಿಂದ ಬಂತು ಎಂದೂ ಕೇಳಬೇಕು. ಕೇಳದಿದ್ದರೆ ಅಸಲು ಕರಗುತ್ತಿರುವುದು ಕಣ್ಣಿಗೇ ಬೀಳುವುದಿಲ್ಲ.

ಮೈಸೂರಿನಲ್ಲಿರುವ ನನ್ನ ಸೋದರತ್ತೆ ಹೈಬ್ರಿಡ್ ಫಂಡೊಂದರಲ್ಲಿ 5 ಲಕ್ಷ ಹಾಕಿದ್ದರು. ಆಯ್ಕೆ ಮಾಡಿದ್ದು ತಿಂಗಳ ಡಿವಿಡೆಂಡ್. 10 ರೂಪಾಯಿ ಎನ್‌ಎವಿಗೆ (ಅಂದರೆ ಯೂನಿಟ್ಟಿನ ಬೆಲೆಗೆ) 50,000 ಯೂನಿಟ್. ಯೂನಿಟ್ಟಿಗೆ 8 ಪೈಸೆಯಂತೆ ತಿಂಗಳಿಗೆ 4,000 ರೂಪಾಯಿ. 15ಎಚ್ ಫಾರಂ ಕೊಟ್ಟಿದ್ದರಿಂದ ತೆರಿಗೆಯೂ ಕಡಿತವಾಗದೆ ಪೂರ್ತಿ ಜಮಾ ಆಗುತ್ತಿತ್ತು. ಐದು ವರ್ಷದ ಮೇಲೆ ಸ್ಟೇಟ್‌ಮೆಂಟ್ ಹಿಡಿದು ಕೂತಾಗ ‘ಬ್ಯಾಂಕಿಗಿಂತ ಇದೇ ವಾಸಿ ಕಣೋ’ ಎಂದರು. ನಾನು ಕೊನೆಯ ಪುಟದ ಎನ್‌ಎವಿ ಮೇಲೆ ಬೆರಳಿಟ್ಟೆ: 9 ರೂಪಾಯಿ 10 ಪೈಸೆ. 5 ಲಕ್ಷ 4,55,000ಕ್ಕೆ ಇಳಿದಿತ್ತು. ಫಂಡ್ ಗಳಿಸಿದ್ದು ವರ್ಷಕ್ಕೆ ಶೇ 8ಕ್ಕಿಂತ ತುಸು ಹೆಚ್ಚು, ಅತ್ತೆಗೆ ಕೊಟ್ಟಿದ್ದು ಶೇ 9.6. ‘ಹಾಗಾದ್ರೆ ನನ್ನ ದುಡ್ಡೇ ನನಗೆ ಕೊಡ್ತಿದ್ರಾ?’ ಎಂದು ಕೇಳಿದರು. ಸ್ವಲ್ಪ ಭಾಗ ಹೌದು.

ಇದರಲ್ಲಿ ಗುಟ್ಟೇನೂ ಇಲ್ಲ. ಡಿವಿಡೆಂಡ್ ಕೊಟ್ಟಷ್ಟೂ ಎನ್‌ಎವಿ ಇಳಿಯುತ್ತದೆ. 2021ರ ಏಪ್ರಿಲ್‌ನಿಂದ ಸೆಬಿ ಈ ಆಯ್ಕೆಗೆ ಐಡಿಸಿಡಬ್ಲ್ಯು ಎಂದು ಹೆಸರಿಡಿಸಿ, ಹಂಚುವ ಹಣದಲ್ಲಿ ಬಂಡವಾಳವೂ ಸೇರಿರಬಹುದೆಂದು ಅದರಲ್ಲೇ ಹೇಳಿಸಿದೆ. ಫಂಡ್ ಮಾರುವವರು ಅದನ್ನು ಬಿಡಿಸಿ ಹೇಳದಿರುವುದು ನನಗೆ ನಿಜಕ್ಕೂ ಬೇಸರದ ಸಂಗತಿ.

ಬ್ರಿಟಿಷ್ ಅರ್ಥಶಾಸ್ತ್ರಜ್ಞ ಜಾನ್ ಹಿಕ್ಸ್ 1939ರ ‘ವ್ಯಾಲ್ಯೂ ಅಂಡ್ ಕ್ಯಾಪಿಟಲ್’ ಪುಸ್ತಕದಲ್ಲಿ ಆದಾಯಕ್ಕೆ ಕೊಟ್ಟ ಅಳತೆಗೋಲು ಇಲ್ಲಿ ನೆರವಿಗೆ ಬರುತ್ತದೆ. ಖರ್ಚು ಮಾಡಿದ ಮೇಲೂ ನಾವು ಮೊದಲಿನಷ್ಟೇ ಅನುಕೂಲಸ್ಥರಾಗಿ ಉಳಿಯುವಂತಿದ್ದರೆ, ಅಷ್ಟು ಮಾತ್ರ ಆದಾಯ. ಇದನ್ನೇ ಅಂಚೆ ಕಚೇರಿಯ ಮಾಸಿಕ ಆದಾಯ ಯೋಜನೆಗೂ ಹಚ್ಚಿ ನೋಡಿ. ಶೇ 7.4ರ ಬಡ್ಡಿಯಲ್ಲಿ 9 ಲಕ್ಷಕ್ಕೆ ತಿಂಗಳಿಗೆ 5,550 ಬರುತ್ತದೆ, ಐದು ವರ್ಷಕ್ಕೆ 9 ಲಕ್ಷವೂ ವಾಪಸ್. ಆದರೆ ಬೆಲೆಗಳು ವರ್ಷಕ್ಕೆ ಶೇ 5ರಂತೆ ಏರಿದ್ದರೆ ಆ 9 ಲಕ್ಷಕ್ಕೆ ಸಿಗುವುದು ಹಿಂದೆ 7 ಲಕ್ಷಕ್ಕೆ ಸಿಗುತ್ತಿದ್ದಷ್ಟೇ ಸಾಮಾನು. ಅಸಲಿನ ಕಸುವು ಉಳಿಯಬೇಕಾದರೆ ಆ 5,550ರಲ್ಲಿ 1,800ರ ಆಸುಪಾಸು ಮಾತ್ರ ಖರ್ಚಿಗೆ ತೆಗೆಯಬೇಕು. ಮಿಕ್ಕದ್ದು ಅಸಲಿಗೇ ಸೇರಬೇಕು. ಹಾಗೆ ಸೇರಿಸುವವರನ್ನು ನಾನು ಕಂಡದ್ದು ತೀರಾ ಕಡಿಮೆ.

ಹಾಗೆಂದು ಎಲ್ಲವನ್ನೂ ಡಿವಿಡೆಂಡ್ ಹಂಚದ ಗ್ರೋತ್‌ಗೆ ಹಾಕಿ ಎಂದು ನಾನು ಹೇಳುವುದಿಲ್ಲ. ಪೋರ್ಟ್‌ಫೋಲಿಯೊ ಎಷ್ಟೇ ಬೆಳೆದಿರಲಿ, ಔಷಧಿ ಅಂಗಡಿಯವನಿಗೆ ಕೊಡಲು ಕೈಯಲ್ಲಿ ಕಾಸು ಬೇಕು. ಬೆಳೆದದ್ದು ಮಾರುಕಟ್ಟೆ ಬಿದ್ದಾಗ ಇಳಿಯುವುದೂ ಉಂಟು. ಆದರೆ ತಿಂಗಳ ಹಣ ಬೇಕೆಂಬ ಒಂದೇ ಕಾರಣಕ್ಕೆ ಡಿವಿಡೆಂಡ್ ಆಯ್ಕೆಗೆ ಹೋಗಬೇಕಿಲ್ಲ. ಗ್ರೋತ್‌ನಲ್ಲೇ ಇದ್ದು ಎಸ್‌ಡಬ್ಲ್ಯುಪಿ (ನಿಯಮಿತವಾಗಿ ಹಣ ಹಿಂಪಡೆಯುವ ಸೌಲಭ್ಯ) ಮೂಲಕ ಬೇಕಾದಷ್ಟು ಯೂನಿಟ್ ಮಾರಿಕೊಳ್ಳಬಹುದು. ಎಷ್ಟು, ಯಾವಾಗ ಎಂಬುದನ್ನು ಫಂಡ್ ಕಂಪನಿಯಲ್ಲ, ನಾವೇ ತೀರ್ಮಾನಿಸುತ್ತೇವೆ. ತೆರಿಗೆಯೂ ಹಗುರ. 2020ರ ಏಪ್ರಿಲ್‌ನಿಂದ ಡಿವಿಡೆಂಡ್ ಪೂರ್ತಿಯಾಗಿ ನಮ್ಮ ಆದಾಯಕ್ಕೆ ಸೇರಿ, ಸ್ಲ್ಯಾಬ್ ಪ್ರಕಾರ ತೆರಿಗೆಗೆ ಒಳಪಡುತ್ತದೆ. ಗ್ರೋತ್‌ನಲ್ಲಿ 10 ರೂಪಾಯಿಯ ಯೂನಿಟ್ 12.50 ಆದಾಗ 4,000 ಬೇಕೆಂದರೆ 320 ಯೂನಿಟ್ ಮಾರಿದರಾಯಿತು. ಅದರಲ್ಲಿ 3,200 ನಮ್ಮದೇ ಅಸಲು, ಲಾಭವೆಂದು ಲೆಕ್ಕಕ್ಕೆ ಬರುವುದು 800 ಮಾತ್ರ.

ಅತ್ತೆಯ ಹಣವನ್ನು ಅದೇ ಫಂಡಿನ ಗ್ರೋತ್‌ಗೆ ಬದಲಿಸಿ, ತಿಂಗಳಿಗೆ 2,000 ಮಾತ್ರ ತೆಗೆಯುವಂತೆ ಮಾಡಿದೆವು. ಮನೆ ಖರ್ಚಿಗೆ ಕುಟುಂಬ ಪಿಂಚಣಿ ಇದೆ, ಹಿರಿಯ ನಾಗರಿಕರ ಉಳಿತಾಯ ಯೋಜನೆಯಿಂದ ಮೂರು ತಿಂಗಳಿಗೊಮ್ಮೆ ಬಡ್ಡಿ ಬರುತ್ತದೆ. ಒಂದು ವರ್ಷದ ಖರ್ಚಿನಷ್ಟು ಹಣ ಬ್ಯಾಂಕ್ ಠೇವಣಿಯಲ್ಲಿದೆ. ಮಾರುಕಟ್ಟೆ ಬಿದ್ದರೆ ಎಸ್‌ಡಬ್ಲ್ಯುಪಿ ನಿಲ್ಲಿಸಿ ಆ ಠೇವಣಿಯಿಂದ ತೆಗೆಯುವುದೆಂದು ಮಾತಾಗಿದೆ. ಈಗ ಅವರು ಫೋನ್ ಮಾಡಿದಾಗ ಎನ್‌ಎವಿ ಎಷ್ಟೆಂದೂ ವಿಚಾರಿಸುತ್ತಾರೆ.